ಆಕಾಶ ಬಿತ್ತಂತೆ! ಸುಳ್ಳು ಸುದ್ದಿಯನ್ನು ಗೇಲಿ ಮಾಡಿದ ಹಳೇ ಕಾರ್ಟೂನ್‌ಗಳು: ಪದೇ ಪದೇ ಕೇಳುವ ಪ್ರಶ್ನೆಗಳು

ತಿಂಗಳಿಗೊಂದು ಶನಿವಾರ ಸಂಜೆ ನಮ್ಮ ಮನೆಯ ತಾರಸಿಯಲ್ಲಿ ಬಿಳಿ ಪಂಚೆ ಕಟ್ಟಿ, ಭಾಮೈದನಿಂದ ಎರವಲು ತಂದ ಪ್ರೊಜೆಕ್ಟರ್ ಇಟ್ಟು ಹಳೇ ಕಾರ್ಟೂನ್ ತೋರಿಸುತ್ತೇನೆ. ಬರುವವರು ಅಕ್ಕಪಕ್ಕದ ಮನೆಯವರು, ಅವರ ಮಕ್ಕಳು, ಒಬ್ಬಿಬ್ಬರು ರಿಟೈರ್ ಆದ ಮೇಷ್ಟ್ರುಗಳು. ಒಂದು ವರ್ಷದಿಂದ ಹೆಚ್ಚಾಗಿ ಹಾಕುತ್ತಿರುವುದು ಎರಡನೇ ಮಹಾಯುದ್ಧದ ಕಾಲದ, ಸುಳ್ಳು ಸುದ್ದಿಯನ್ನೂ ಸರ್ಕಾರಿ ಪ್ರಚಾರವನ್ನೂ ಗೇಲಿ ಮಾಡುವ ಪುಟ್ಟ ಚಿತ್ರಗಳು. ಪ್ರತಿ ಸಲವೂ ಅವೇ ಪ್ರಶ್ನೆಗಳು ಬರುತ್ತವೆ. ಉತ್ತರ ಹೇಳುವಷ್ಟರಲ್ಲಿ ನನ್ನ ಕಾಫಿ ಆರಿಹೋಗುತ್ತದೆ. ಅದಕ್ಕೇ ಇಲ್ಲಿ ಬರೆದಿಟ್ಟಿದ್ದೇನೆ.

ಒಂದೇ ಒಂದು ನೋಡೋದಾದ್ರೆ ಯಾವುದು ನೋಡಲಿ?

'ಚಿಕನ್ ಲಿಟಲ್'. ಡಿಸ್ನಿಯವರದ್ದು, 1943ರ ಡಿಸೆಂಬರ್‌ನಲ್ಲಿ ಬಂದದ್ದು, ನಿರ್ದೇಶಕ ಕ್ಲೈಡ್ ಜೆರೋನಿಮಿ. ಎಂಟು ಒಂಬತ್ತು ನಿಮಿಷ ಅಷ್ಟೆ. 2005ರಲ್ಲಿ ಅದೇ ಹೆಸರಿನ ದೊಡ್ಡ ಸಿನಿಮಾ ಬಂತು, ಅದು ಬೇರೆ. ಹುಡುಕುವಾಗ ಇಸವಿ ನೋಡಿಕೊಳ್ಳಿ.

ಕತೆ ನಡೆಯುವುದು ಒಂದು ಕೋಳಿ ಅಂಗಳದಲ್ಲಿ. ಸುತ್ತ ಎತ್ತರದ ಬೇಲಿ. ಒಳಗೆ ಕೋಳಿ, ಬಾತು, ಟರ್ಕಿ ಕೋಳಿ ಎಲ್ಲ ಹಾಯಾಗಿವೆ. ಹೊರಗೆ ಫಾಕ್ಸಿ ಲಾಕ್ಸಿ ಅನ್ನುವ ನರಿ. ಬೇಲಿ ಹಾರುವ ಯೋಚನೆಯನ್ನೇ ಅದು ಮಾಡುವುದಿಲ್ಲ. ಕೈಯಲ್ಲಿ ಒಂದು ಪುಸ್ತಕ ಹಿಡಿದಿದೆ, ಹೆಸರು 'ಸೈಕಾಲಜಿ'. ಒಂದೇ ಒಂದು ಕೋಳಿ ಯಾಕೆ, ಎಲ್ಲವನ್ನೂ ತಿನ್ನಬಹುದಲ್ಲ ಅಂತ ಲೆಕ್ಕ ಹಾಕುತ್ತದೆ. ಪುಸ್ತಕ ಹೇಳುವುದು ಇಷ್ಟು: ಎಲ್ಲರಿಗಿಂತ ಬುದ್ಧಿ ಕಡಿಮೆ ಇರುವವನನ್ನು ಮೊದಲು ಹಿಡಿ.

ಹಾಗೆ ಸಿಗುವವನು ಚಿಕನ್ ಲಿಟಲ್. ಒಂದು ಮೂಲೆಯಲ್ಲಿ ಒಬ್ಬನೇ ಆಡುತ್ತಿರುವ ಪೆದ್ದ. ನರಿ ನಕ್ಷತ್ರ ಬರೆದ ನೀಲಿ ಹಲಗೆಯ ಚೂರನ್ನು ಅವನ ತಲೆ ಮೇಲೆ ಬೀಳಿಸುತ್ತದೆ. ಆಮೇಲೆ ಬೇಲಿಯ ತೂತಿಗೆ ಬಾಯಿಟ್ಟು, ರೇಡಿಯೋ ವಾರ್ತೆ ಓದುವವರ ಗತ್ತಿನಲ್ಲಿ ಆಕಾಶ ಕಳಚಿ ಬೀಳುತ್ತಿದೆ ಅಂತ ಸಾರುತ್ತದೆ. ಗಾಬರಿ ಆಗಬೇಡಿ ಅಂತಲೂ ಹೇಳುತ್ತದೆ, ಅದೇ ಉಸಿರಿನಲ್ಲಿ ಜೀವ ಉಳಿಸಿಕೊಳ್ಳಿ ಓಡಿ ಅಂತಲೂ ಹೇಳುತ್ತದೆ. ಇವತ್ತಿನ ಬ್ರೇಕಿಂಗ್ ನ್ಯೂಸ್ ನೆನಪಾಗಿ ನಮ್ಮ ತಾರಸಿಯಲ್ಲಿ ಎಲ್ಲರೂ ನಗುವುದು ಇಲ್ಲೇ.

ನನಗೆ ಇಷ್ಟವಾದದ್ದು ಇದರ ಮುಂದಿನದು. ಮೊದಲ ಸುಳ್ಳು ಸೋಲುತ್ತದೆ! ಯಜಮಾನ ಹುಂಜ ಕಾಕಿ ಲಾಕಿ ಬಂದು ಆ ಚೂರನ್ನು ಎತ್ತಿ ನೋಡಿ, ಇದು ಮರದ ಹಲಗೆ ಕಣ್ರೋ ಅಂತ ತೋರಿಸುತ್ತಾನೆ. ಎಲ್ಲರೂ ನಕ್ಕು ಮನೆಗೆ ಹೋಗುತ್ತಾರೆ. ಬೇರೆ ಯಾವ ಕತೆಯಾದರೂ ಇಲ್ಲಿಗೆ ಮುಗಿಯುತ್ತಿತ್ತು. ನರಿ ಮಾತ್ರ ಪುಟ ತಿರುವುತ್ತದೆ. ಮುಂದಿನ ಪಾಠ, ಜನರಿಗೆ ತಮ್ಮ ನಾಯಕನ ಮೇಲಿರುವ ನಂಬಿಕೆ ಕೆಡಿಸು. ಬೇಲಿಯ ಸುತ್ತ ತಿರುಗುತ್ತಾ, ಒಂದೊಂದು ಗುಂಪಿಗೆ ಒಂದೊಂದು ಥರ ಪಿಸುಗುಟ್ಟುತ್ತದೆ. ಹರಟೆ ಹೊಡೆಯುವ ಹೆಂಗೋಳಿಗಳಿಗೆ ಒಂದು, ದೊಡ್ಡ ಮಾತಾಡುವ ಗಂಡಸರಿಗೆ ಇನ್ನೊಂದು. ಯಾರಿಗೆ ಯಾವುದು ರುಚಿಸುತ್ತದೋ ಅದು. ಕೊನೆಗೆ ಆ ಪೆದ್ದನನ್ನೇ ಹೊಗಳಿ ಹೊಗಳಿ, ನೀನೇ ಹುಟ್ಟು ನಾಯಕ ಅಂತ ನಂಬಿಸುತ್ತದೆ. ಆಕಾಶ ಬೀಳುತ್ತಿದ್ದರೆ ನನ್ನ ತಲೆ ಮೇಲೆ ಬೀಳಲಿ ನೋಡೋಣ ಅಂತ ಹುಂಜ ಸವಾಲು ಹಾಕಿದಾಗ, ಹಲಗೆ ಚೂರು ಸರಿಯಾಗಿ ಅವನ ತಲೆಗೇ ಬಂದು ಬೀಳುತ್ತದೆ. ಬೀಳಿಸಿದ್ದು ಯಾರು ಅಂತ ನಮಗೆ ಗೊತ್ತು.

ಎಲ್ಲವೂ ಬೇಲಿ ದಾಟಿ ಗುಹೆಗೆ ಓಡುತ್ತವೆ. ನರಿಯ ಗುಹೆಗೆ. ಮುಂದಿನ ದೃಶ್ಯದಲ್ಲಿ ಕೋಳಿಯ ಎದೆಯ ಕವಲು ಮೂಳೆಗಳು ನೆಲದಲ್ಲಿ ಸಾಲಾಗಿ ನಿಂತಿವೆ, ಸೈನಿಕರ ಸ್ಮಶಾನದ ಹಾಗೆ. ಕತೆ ಹೇಳುತ್ತಿದ್ದವನೇ ಬೆಚ್ಚಿಬಿದ್ದು, ನನ್ನ ಪುಸ್ತಕದಲ್ಲಿ ಹೀಗೆ ಮುಗಿಯುವುದಿಲ್ಲವಲ್ಲ ಅನ್ನುತ್ತಾನೆ. ಓದಿದ್ದನ್ನೆಲ್ಲ ನಂಬಬೇಡಪ್ಪ ಅನ್ನುತ್ತದೆ ನರಿ. ಮುಗೀತು.

ಇದು ನಮ್ಮ ಮೊಲದ ಕತೆ ಅಲ್ವಾ?

ಮೇಷ್ಟ್ರೊಬ್ಬರು ಮೊದಲ ದಿನವೇ ಕೇಳಿದ್ದು ಇದನ್ನೇ. ಹೌದು, ಅದೇ ಬೀಜ. ಪಾಲಿ ಜಾತಕ ಕತೆಗಳಲ್ಲಿ 322ನೆಯದು, ದದ್ದಭ ಜಾತಕ. ಪಡುವಣ ಕಡಲಿನ ಹತ್ತಿರ ತಾಳೆ ಮತ್ತು ಬಿಲ್ವದ ಮರಗಳ ತೋಪು. ಬಿಲ್ವದ ಬುಡದಲ್ಲಿ, ಒಂದು ಎಳೆ ತಾಳೆಯ ಕೆಳಗೆ, ಮೊಲ ಮಲಗಿದೆ. ಭೂಮಿ ಕುಸಿದರೆ ನನ್ನ ಗತಿ ಏನು ಅಂತ ಯೋಚಿಸುತ್ತಿದೆ. ಅದೇ ಹೊತ್ತಿಗೆ ಬಿಲ್ವದ ಹಣ್ಣೊಂದು ತಾಳೆಗರಿಯ ಮೇಲೆ ಧಡ್ ಅಂತ ಬೀಳುತ್ತದೆ. ಮೊಲ ಓಟ ಕೀಳುತ್ತದೆ. ಅದರ ಹಿಂದೆ ಉಳಿದ ಮೊಲಗಳು, ಜಿಂಕೆ, ಹಂದಿ, ಕಾಡೆಮ್ಮೆ, ಘೇಂಡಾಮೃಗ, ಹುಲಿ, ಸಿಂಹ, ಆನೆ.

ಗಮನಿಸಿ, ಆ ಮೊಲಕ್ಕೆ ಯಾರೂ ಸುಳ್ಳು ಹೇಳಿಲ್ಲ. ಹೆದರಿಕೆ ಮೊದಲೇ ಒಳಗಿತ್ತು. ಹಣ್ಣು ಬಿದ್ದದ್ದು ಅದಕ್ಕೆ ಸಾಕ್ಷಿ ಆಯಿತು ಅಷ್ಟೆ.

ಬೋಧಿಸತ್ವ, ಅಂದರೆ ಹಿಂದಿನ ಜನ್ಮದ ಬುದ್ಧ, ಅಲ್ಲಿ ಇನ್ನೊಂದು ಸಿಂಹ. ಓಡುವ ಗುಂಪನ್ನು ತಡೆದು ನಿಲ್ಲಿಸಿ ಕೇಳುತ್ತಾನೆ, ಯಾರು ನೋಡಿದ್ದು? ಆನೆಗಳನ್ನು ಕೇಳಿದರೆ ಸಿಂಹಗಳಿಗೆ ಗೊತ್ತು ಅನ್ನುತ್ತವೆ. ಅವು ಹುಲಿಗಳಿಗೆ ಗೊತ್ತು ಅನ್ನುತ್ತವೆ. ಹೀಗೇ ಒಬ್ಬೊಬ್ಬರೂ ಹಿಂದಿನವರತ್ತ ಬೆರಳು ತೋರಿಸುತ್ತಾ, ಕೊನೆಗೆ ಆ ಒಂದು ಮೊಲದ ತನಕ ಬರುತ್ತದೆ. ಸಿಂಹ ಅದನ್ನು ಬೈಯುವುದಿಲ್ಲ. ಬೆನ್ನ ಮೇಲೆ ಕೂರಿಸಿಕೊಂಡು ವಾಪಸ್ ಅದೇ ಮರದ ಹತ್ತಿರ ಹೋಗಿ, ಬಿದ್ದ ಹಣ್ಣನ್ನು ಕಣ್ಣಾರೆ ನೋಡಿ ಬರುತ್ತದೆ. ಇವತ್ತು ಫ್ಯಾಕ್ಟ್ ಚೆಕ್ ಮಾಡುವವರು ಫೋಟೋದ ಮೂಲ ಹುಡುಕುತ್ತಾ ಹೋಗುವುದೂ ಹೀಗೇ.

ನಮ್ಮ ಕತೆಯಲ್ಲಿ ಸಿಂಹ ಇದೆ, ಅಮೆರಿಕದ ಕಾರ್ಟೂನ್‌ನಲ್ಲಿ ನರಿ ಇದೆ. ಯುದ್ಧದ ನಡುವೆ ಸಿಂಹಕ್ಕಾಗಿ ಕಾಯುವ ಧೈರ್ಯ ಅವರಿಗೆ ಇರಲಿಲ್ಲವೇನೋ ಅಂತ ನನಗನ್ನಿಸುತ್ತದೆ.

ನರಿ ಕೈಯಲ್ಲಿರುವ ಪುಸ್ತಕ ನಿಜವಾದದ್ದಾ?

ಮೊದಲು ಹಿಟ್ಲರನ 'ಮೈನ್ ಕಾಂಫ್' ಅನ್ನೇ ಕೊಡುವ ಯೋಚನೆ ಇತ್ತು. ಆಮೇಲೆ ಹೆಸರು 'ಸೈಕಾಲಜಿ' ಅಂತ ಬದಲಾಯಿತು. ಒಳ್ಳೆಯದೇ ಆಯಿತು. ಹಿಟ್ಲರನ ಹೆಸರು ಇದ್ದಿದ್ದರೆ, ಇದು ಅವನ ಕಾಲದ ಕತೆ ಅಂತ ನಾವು ಆರಾಮಾಗಿ ಕೂರುತ್ತಿದ್ದೆವು.

ಒಂದು ಸುಳ್ಳನ್ನು ನೂರು ಸಲ ಹೇಳಿದ್ರೆ ನಿಜ ಆಗುತ್ತೆ ಅಂತ ಗೋಬೆಲ್ಸ್ ಹೇಳಿದ್ದು ತಾನೆ?

ಗೋಬೆಲ್ಸ್ ಅಂದರೆ ಹಿಟ್ಲರನ ಪ್ರಚಾರ ಮಂತ್ರಿ. ನಮ್ಮಲ್ಲಿ ಚುನಾವಣೆ ಬಂದರೆ ಸಾಕು, ಎಲ್ಲ ಪಕ್ಷದವರೂ ಎದುರು ಪಕ್ಷದವರನ್ನು ಗೋಬೆಲ್ಸ್ ಅನ್ನುತ್ತಾರೆ. ಆದರೆ ಅವನ ಬರಹ, ಭಾಷಣ, ಡೈರಿ ಯಾವುದರಲ್ಲೂ ಈ ಮಾತು ಸಿಕ್ಕಿಲ್ಲ. ಸುಳ್ಳಿನ ಬಗ್ಗೆ ಇರುವ ಮಾತೇ ಸುಳ್ಳು ಹೆಸರಿನಲ್ಲಿ ಓಡಾಡುತ್ತಿದೆ. ನಾನೂ ಎಷ್ಟೋ ವರ್ಷ ಹೇಳಿಕೊಂಡು ತಿರುಗಿದ್ದೇನೆ.

ನಿಜವಾಗಿ ಸಿಗುವುದು ಇನ್ನೂ ಮಜವಾಗಿದೆ. 'ದೊಡ್ಡ ಸುಳ್ಳು' ಅನ್ನುವ ಮಾತು 1925ರಲ್ಲಿ ಬಂದ 'ಮೈನ್ ಕಾಂಫ್'ನ ಮೊದಲ ಸಂಪುಟದಲ್ಲಿದೆ. ಅಲ್ಲಿ ಹಿಟ್ಲರ್, ನಾನು ಹೀಗೆ ಮಾಡುತ್ತೇನೆ ಅಂತ ಬರೆದಿಲ್ಲ. ಯಹೂದಿಗಳು ಹೀಗೆ ಮಾಡುತ್ತಾರೆ ಅಂತ ಅವರ ಮೇಲೆ ಹೊರಿಸಿದ್ದಾನೆ. ಗೋಬೆಲ್ಸ್ 1941ರ ಜನವರಿಯಲ್ಲಿ ಚರ್ಚಿಲ್‌ನ 'ಸುಳ್ಳಿನ ಕಾರ್ಖಾನೆ' ಬಗ್ಗೆ ಲೇಖನ ಬರೆದ. ಸುಳ್ಳು ಹೇಳಿದರೆ ದೊಡ್ಡದನ್ನೇ ಹೇಳಿ ಅದಕ್ಕೇ ಅಂಟಿಕೊಳ್ಳುವುದು ಇಂಗ್ಲಿಷರ ಪದ್ಧತಿ ಅಂದ. ಅಂದರೆ ಇಬ್ಬರೂ ಅವರವರ ಕಸುಬನ್ನು ಎದುರಾಳಿಯ ಹೆಸರಿಗೆ ಬರೆದರು. ಕಳ್ಳನೇ ಕಳ್ಳ ಕಳ್ಳ ಅಂತ ಕೂಗಿಕೊಂಡು ಓಡುವ ಹಾಗೆ.

ಹಾಗಾಗಿ ನರಿಯ ಪುಸ್ತಕದಲ್ಲಿ 'ಹೇಳುವುದಾದರೆ ದೊಡ್ಡ ಸುಳ್ಳು ಹೇಳು' ಅಂತ ಪಾಠದ ಥರ ಇರುವುದು ಕಾರ್ಟೂನ್‌ನವರ ಜಾಣತನ. ಆ ಜನ ಮಾಡಿದ್ದಕ್ಕೆ ಅದು ಸರಿಯಾಗಿಯೇ ಹೊಂದುತ್ತದೆ. ಬರೆದದ್ದು ಮಾತ್ರ ಹಾಗಲ್ಲ.

ಡೊನಾಲ್ಡ್ ಡಕ್ ನಾಜಿ ಆಗಿದ್ದನಂತೆ. ಫೋಟೋ ನೋಡಿದೀನಿ. ನಿಜಾನಾ?

ಫೋಟೋ ನಿಜ. ಅದರ ಕೆಳಗೆ ಬರೆದದ್ದು ಸುಳ್ಳು. ಅದು 'ಡೆರ್ ಫ್ಯೂರರ್ಸ್ ಫೇಸ್' ಚಿತ್ರದ ಒಂದು ಫ್ರೇಮು. 1943ರ ಜನವರಿ 1ರಂದು ಬಿಡುಗಡೆ ಆಯಿತು, ಆಸ್ಕರ್ ಗೆದ್ದಿತು. ಆಸ್ಕರ್ ಗೆದ್ದ ಡೊನಾಲ್ಡ್ ಡಕ್ ಚಿತ್ರ ಇದೊಂದೇ. ಹಾಡು ಚಿತ್ರಕ್ಕಿಂತ ಮೊದಲೇ ರೆಕಾರ್ಡ್ ಆಗಿ ಮನೆಮಾತಾಗಿತ್ತು.

ಡೊನಾಲ್ಡ್‌ಗೆ ಕೆಟ್ಟ ಕನಸು. ಕನಸಿನಲ್ಲಿ ಅವನು ಹಿಟ್ಲರನ ರಾಜ್ಯದ ಕೂಲಿಯವನು. ಮೋಡ, ಗಿಡ, ಕಂಬ ಎಲ್ಲವೂ ಸ್ವಸ್ತಿಕದ ಆಕಾರ. ಬೆಳಗಿನ ತಿಂಡಿಗೆ ಗರಗಸದಲ್ಲಿ ಕುಯ್ಯಬೇಕಾದ ಬ್ರೆಡ್ಡು. ಅಡಗಿಸಿಟ್ಟ ಒಂದೇ ಒಂದು ಕಾಫಿ ಬೀಜವನ್ನು ದಾರಕ್ಕೆ ಕಟ್ಟಿ ಲೋಟದ ನೀರಿಗೆ ಅದ್ದಿ ಮತ್ತೆ ತೆಗೆದಿಡುತ್ತಾನೆ. ಮೊಟ್ಟೆಯ ವಾಸನೆಯನ್ನು ಪಿಚಕಾರಿಯಲ್ಲಿ ಬಾಯಿಗೆ ಹೊಡೆದುಕೊಳ್ಳುತ್ತಾನೆ. ಕಾರ್ಖಾನೆಯಲ್ಲಿ ಬೆಲ್ಟ್ ಮೇಲೆ ಗುಂಡುಗಳು ಸಾಲಾಗಿ ಬರುತ್ತವೆ, ನಡುನಡುವೆ ಹಿಟ್ಲರನ ಫೋಟೋ. ಗುಂಡಿಗೆ ಸ್ಕ್ರೂ ತಿರುಗಿಸಬೇಕು, ಫೋಟೋಗೆ ಸೆಲ್ಯೂಟ್ ಹೊಡೆಯಬೇಕು. ಬೆಲ್ಟ್ ಜೋರಾದ ಹಾಗೆ ಯಾವುದಕ್ಕೆ ಯಾವುದು ಅಂತಲೇ ತಿಳಿಯದೆ ಅವನ ತಲೆ ಕೆಡುತ್ತದೆ. ಎಚ್ಚರವಾದಾಗ ಅಮೆರಿಕದಲ್ಲೇ ಇದ್ದಾನೆ.

ಆ ಫ್ರೇಮನ್ನು ಮಾತ್ರ ಕತ್ತರಿಸಿ ತೆಗೆದರೆ ನಾಜಿ ಡೊನಾಲ್ಡ್ ಸಿಗುತ್ತಾನೆ. ಮುಂದಿನ ಎರಡು ನಿಮಿಷ ನೋಡಿದರೆ ಅವನು ಸಿಗುವುದಿಲ್ಲ.

ಎಲ್ಲವೂ ನಗಿಸುವಂಥವಾ?

ಇಲ್ಲ. ಅದೇ ಜನವರಿಯಲ್ಲಿ ಡಿಸ್ನಿಯವರೇ 'ಎಜುಕೇಷನ್ ಫಾರ್ ಡೆತ್' ಬಿಟ್ಟರು. ನಿರ್ದೇಶಕ ಅದೇ ಜೆರೋನಿಮಿ. ಹಾನ್ಸ್ ಅನ್ನುವ ಪುಟ್ಟ ಹುಡುಗ ನಾಜಿ ಶಾಲೆಯಲ್ಲಿ ಬೆಳೆಯುವ ಕತೆ. ಮೇಷ್ಟ್ರು ಬೋರ್ಡಿನ ಮೇಲೆ ಚಿತ್ರ ಬರೆದು ತೋರಿಸುತ್ತಾನೆ: ನರಿ ಮೊಲವನ್ನು ತಿನ್ನುತ್ತದೆ. ಪಾಠ ಏನು ಅಂತ ಕೇಳಿದರೆ ಹಾನ್ಸ್ ಹೇಳುತ್ತಾನೆ, ಪಾಪ, ಮೊಲ. ತರಗತಿ ಬೆಚ್ಚಿಬೀಳುತ್ತದೆ. ಅವನನ್ನು ಮೂಲೆಯಲ್ಲಿ ಕೂರಿಸುತ್ತಾರೆ. ಬೇರೆ ಮಕ್ಕಳು ಸರಿ ಉತ್ತರ ಕೂಗುತ್ತಾರೆ, ನರಿಗೆ ಬಲ ಇದೆ, ಮೊಲ ಹೇಡಿ ಅಂತ. ಕೊನೆಗೆ ಹಾನ್ಸ್‌ನೂ ಮೊಲ ಕಂಡರೆ ನನಗೆ ಆಗಲ್ಲ ಅನ್ನುತ್ತಾನೆ.

ನಮ್ಮ ತಾರಸಿಯಲ್ಲಿ ಆ ಹೊತ್ತಿಗೆ ಯಾರೂ ಚಕ್ಕುಲಿ ಮುರಿಯುವುದಿಲ್ಲ. ಸುಳ್ಳು ಸುದ್ದಿ ಅಂದರೆ ತಪ್ಪು ಮಾಹಿತಿ ಅಂದುಕೊಂಡಿರುತ್ತೇವೆ. ಇಲ್ಲಿ ಮಾಹಿತಿಯೇನೂ ತಪ್ಪಿಲ್ಲ, ನರಿ ಮೊಲವನ್ನು ತಿನ್ನುವುದು ನಿಜವೇ. ಆ ಹುಡುಗನಿಂದ ಕಿತ್ತುಕೊಂಡದ್ದು 'ಪಾಪ' ಅನ್ನುವ ಒಂದು ಮಾತನ್ನು.

ಸೈನಿಕರಿಗೆ ಕಾರ್ಟೂನ್ ತೋರಿಸ್ತಿದ್ರಂತೆ, ಯಾಕೆ?

ಉಪದೇಶ ಮಾಡಿದರೆ ನಿದ್ದೆ ಹೋಗುತ್ತಿದ್ದರು, ಅದಕ್ಕೆ. ಅಮೆರಿಕದ ಸೇನೆ 1943ರಿಂದ 1945ರವರೆಗೆ 'ಪ್ರೈವೇಟ್ ಸ್ನಾಫು' ಅನ್ನುವ ಸರಣಿ ಮಾಡಿಸಿತು. ಮಾಡಿದ್ದು ಬಗ್ಸ್ ಬನ್ನಿ ಖ್ಯಾತಿಯ ವಾರ್ನರ್ ಬ್ರದರ್ಸ್ ಕಾರ್ಟೂನ್ ಬಳಗ. ಡಿಸ್ನಿ ಕೂಡ ಟೆಂಡರ್ ಹಾಕಿತ್ತು, ಇವರು ತೀರಾ ಕಡಿಮೆ ಹೇಳಿ ಗೆದ್ದರು. ಬಗ್ಸ್ ಬನ್ನಿಗೆ ದನಿ ಕೊಟ್ಟ ಮೆಲ್ ಬ್ಲಾಂಕ್ ಸ್ನಾಫುಗೂ ದನಿ ಕೊಟ್ಟರು. ಸ್ನಾಫು ಒಬ್ಬ ಎಡವಟ್ಟು ಸಿಪಾಯಿ. ಏನು ಮಾಡಬಾರದೋ ಅದನ್ನೇ ಮಾಡುತ್ತಾನೆ. ನೋಡುವವರು ಸೈನಿಕರು ಮಾತ್ರ ಆದ್ದರಿಂದ ಭಾಷೆ ಸ್ವಲ್ಪ ಪೋಲಿ.

ಅದರಲ್ಲಿ 'ರೂಮರ್ಸ್' ಅಂತ ಒಂದು ಇದೆ. 1943ರದ್ದು, ಫ್ರಿಜ್ ಫ್ರೆಲೆಂಗ್ ನಿರ್ದೇಶನ. ನಾಲ್ಕೈದು ನಿಮಿಷ. ಕಕ್ಕಸಿನಲ್ಲಿ ಪಕ್ಕಪಕ್ಕ ಕೂತ ಇಬ್ಬರಲ್ಲಿ ಒಬ್ಬ ಸುಮ್ನೆ ಒಂದು ಮಾತು ಆಡುತ್ತಾನೆ, ಬಾಂಬ್ ಹಾಕೋಕೆ ಒಳ್ಳೇ ದಿನ ಇವತ್ತು ಅಂತ. ಹವಾಮಾನದ ಬಗ್ಗೆ ಹರಟೆ, ಅಷ್ಟೆ. ಅದು ಸ್ನಾಫು ಕಿವಿಗೆ ಬಿದ್ದು, ಅವನಿಂದ ಇನ್ನೊಬ್ಬನಿಗೆ ಹೋಗಿ, ಬಾಯಿಂದ ಬಾಯಿಗೆ ಊದಿಕೊಳ್ಳುತ್ತಾ ಹೋಗುತ್ತದೆ. ಗಾಳಿಮಾತು ನಿಜಕ್ಕೂ ಗಾಳಿ ತುಂಬಿದ ಪ್ರಾಣಿಗಳಾಗಿ ಕ್ಯಾಂಪ್ ತುಂಬ ಹಾರಾಡುತ್ತದೆ. ಕೊನೆಗೆ ಇಡೀ ಕ್ಯಾಂಪಿಗೆ ಸಾಂಕ್ರಾಮಿಕ ರೋಗ ಬಂದವರಂತೆ ದಿಗ್ಬಂಧನ. ರೋಗದ ಹೆಸರು 'ರೂಮರೈಟಿಸ್'. ನಮ್ಮ ಮೇಷ್ಟ್ರು ಇದಕ್ಕೆ 'ಅಂತೆಜ್ವರ' ಅಂತ ಹೆಸರಿಟ್ಟಿದ್ದಾರೆ.

ಇದರಲ್ಲಿ ಶತ್ರು ಎಲ್ಲೂ ಇಲ್ಲ ಅನ್ನುವುದೇ ನನಗೆ ದೊಡ್ಡದಾಗಿ ಕಂಡದ್ದು. ನರಿಯೂ ಇಲ್ಲ. ಎಲ್ಲರೂ ನಮ್ಮವರೇ. ಹಿಟ್ಲರನ ಮೂಗು ಮೀಸೆ ನೋಡಿ ನಗುವ ಚಿತ್ರ ಹಳತಾಗುತ್ತದೆ. ಕಿವಿಗೊಟ್ಟು ಕೂತವನನ್ನು ತೋರಿಸುವ ಚಿತ್ರ ಹಳತಾಗುವುದಿಲ್ಲ, ಯಾಕೆಂದರೆ ಪಂಚೆಯ ಈ ಕಡೆ ಕೂತವರೂ ಕಿವಿಗೊಟ್ಟವರೇ.

ಇದನ್ನೆಲ್ಲ ಬರೆದವರು ಮಾತ್ರ ಸುಳ್ಳಿಗೆ ಬೀಳಲಿಲ್ವಾ?

ಬಿದ್ದರು. ಚೆನ್ನಾಗಿಯೇ ಬಿದ್ದರು. ಸ್ನಾಫು ಸರಣಿಗೆ ಬರೆದವರಲ್ಲಿ ಥಿಯೋಡೋರ್ ಗೀಸೆಲ್ ಒಬ್ಬರು. ಮಕ್ಕಳ ಪುಸ್ತಕಗಳ ಡಾಕ್ಟರ್ ಸ್ಯೂಸ್ ಅಂದರೆ ಅವರೇ. ಸೇನೆಗೆ ಸೇರುವ ಮೊದಲು ನ್ಯೂಯಾರ್ಕಿನ 'ಪಿಎಂ' ಪತ್ರಿಕೆಗೆ ವ್ಯಂಗ್ಯಚಿತ್ರ ಬರೆಯುತ್ತಿದ್ದರು. 1942ರ ಫೆಬ್ರವರಿ 13ರ ಚಿತ್ರದಲ್ಲಿ, ಅಮೆರಿಕದ ಪಶ್ಚಿಮ ಕರಾವಳಿಯುದ್ದಕ್ಕೂ ಜಪಾನಿ ಮೂಲದವರು ಸಾಲುಗಟ್ಟಿ ನಿಂತು ಸ್ಫೋಟಕದ ಪೊಟ್ಟಣ ಪಡೆಯುತ್ತಿದ್ದಾರೆ. ಒಬ್ಬ ಮಾಡಿನ ಮೇಲೆ ಹತ್ತಿ ದುರ್ಬೀನಿನಲ್ಲಿ ತವರಿನ ಕಡೆ ನೋಡುತ್ತಿದ್ದಾನೆ, ಸಂಜ್ಞೆ ಬರಲಿ ಅಂತ.

ಅದು ಅಪ್ಪಟ ಗಾಳಿಸುದ್ದಿ. ಆರು ದಿನದ ಮೇಲೆ, ಫೆಬ್ರವರಿ 19ಕ್ಕೆ, ಅಧ್ಯಕ್ಷ ರೂಸ್‌ವೆಲ್ಟ್ ಆದೇಶಕ್ಕೆ ಸಹಿ ಹಾಕಿದರು. ಸುಮಾರು 1,20,000 ಜಪಾನಿ ಮೂಲದವರನ್ನು ಮನೆ, ಅಂಗಡಿ, ಹೊಲ ಬಿಡಿಸಿ ಶಿಬಿರಗಳಿಗೆ ತುಂಬಿದರು. ಅವರಲ್ಲಿ ಹೆಚ್ಚಿನವರು ಅಮೆರಿಕದಲ್ಲೇ ಹುಟ್ಟಿದ ಪ್ರಜೆಗಳು. ಸರ್ಕಾರ ಕ್ಷಮೆ ಕೇಳಿದ್ದು 1988ರಲ್ಲಿ, ಬದುಕಿ ಉಳಿದಿದ್ದ ಒಬ್ಬೊಬ್ಬರಿಗೆ 20,000 ಡಾಲರ್ ಕೊಟ್ಟು.

ಅದೇ ಕೈ ಮುಂದಿನ ವರ್ಷ ಸುಳ್ಳಿನ ಬಗ್ಗೆ ಎಚ್ಚರಿಸುವ ಸರಣಿಗೆ ಬರೆಯಿತು. ಇದನ್ನು ಹೇಳಿದರೆ ಕೆಲವರಿಗೆ ಬೇಜಾರಾಗುತ್ತದೆ. ನಾನು ಹೇಳದೆ ಬಿಡುವುದಿಲ್ಲ.

ಬೇರೆ ದೇಶದವರು ಇಂಥವು ಮಾಡಲಿಲ್ವಾ?

ಮಾಡಿದರು, ಮತ್ತು ಅಲ್ಲಿ ನರಿ ಯಾರು ಅನ್ನುವುದು ಅದಲು ಬದಲಾಗುತ್ತದೆ. 1944ರಲ್ಲಿ, ಜರ್ಮನ್ನರ ಹಿಡಿತದಲ್ಲಿದ್ದ ಫ್ರಾನ್ಸಿನಲ್ಲಿ 'ನಿಂಬಸ್ ಲಿಬೆರೆ' ಅನ್ನುವ ಪುಟ್ಟ ಚಿತ್ರ ಬಂತು. ಒಂದು ಮನೆಯವರು ಲಂಡನ್ ರೇಡಿಯೋ ಕೇಳುತ್ತಾ, ನಮ್ಮನ್ನು ಬಿಡಿಸಲು ಬರುತ್ತಿದ್ದಾರೆ ಅಂತ ಖುಷಿಯಾಗಿದ್ದಾರೆ. ಬಿಡಿಸಲು ಬರುವ ವಿಮಾನಗಳನ್ನು ಓಡಿಸುವವರು ಮಿಕ್ಕಿ, ಡೊನಾಲ್ಡ್, ಪಾಪೈ. ಬಾಂಬ್ ಬೀಳುವುದು ಅದೇ ಮನೆಯ ಮೇಲೆ. ರೇಡಿಯೋದಲ್ಲಿ ಮಾತಾಡುವವನನ್ನು ಯಹೂದಿ ಅಂತ ತೋರಿಸಲು ಬರೆದ ಮುಖ ನೋಡಿದರೆ ಮೈ ಉರಿಯುತ್ತದೆ. ಆದರೆ ಮಿತ್ರಪಕ್ಷದ ಬಾಂಬುಗಳಿಂದ ಫ್ರಾನ್ಸಿನ ಸಾಮಾನ್ಯ ಜನ ಸತ್ತದ್ದು ನಿಜ. ನಿಜದ ಒಂದು ಹಿಡಿ, ವಿಷದ ಒಂದು ಹಿಡಿ. ಒಳ್ಳೇ ಪ್ರಚಾರದ ಅಡುಗೆ ಹೀಗೇ ಇರುತ್ತದೆ.

ಜಪಾನಿನಲ್ಲಿ ನೌಕಾಪಡೆ ದುಡ್ಡು ಹಾಕಿ 'ಮೊಮೊತಾರೊ: ಸಮುದ್ರದ ದಿವ್ಯ ಯೋಧರು' ಮಾಡಿಸಿತು. 1945ರ ಏಪ್ರಿಲ್, 74 ನಿಮಿಷ, ನಿರ್ದೇಶಕ ಸೆಯೊ ಮಿತ್ಸುಯೊ. ಜಪಾನಿನ ಮೊದಲ ಪೂರ್ಣ ಉದ್ದದ ಅನಿಮೇಷನ್ ಚಿತ್ರ ಅದು. ಇದರಲ್ಲಿ ವ್ಯಂಗ್ಯ ಕಡಿಮೆ, ಲಾಲಿಹಾಡು ಜಾಸ್ತಿ. ಆಕ್ರಮಿಸಿಕೊಂಡ ದ್ವೀಪದ ಪ್ರಾಣಿಗಳಿಗೆ ಜಪಾನಿ ಅಕ್ಷರ ಕಲಿಸುವ ಹಾಡು ಎಷ್ಟು ಇಂಪಾಗಿದೆ ಅಂದರೆ, ಯಾರ ನೆಲದಲ್ಲಿ ಯಾರು ಯಾರಿಗೆ ಕಲಿಸುತ್ತಿದ್ದಾರೆ ಅನ್ನುವುದೇ ಮರೆತುಹೋಗುತ್ತದೆ. ಮುಂದೆ ಮಂಗಾ, ಅಂದರೆ ಜಪಾನಿ ಕಾಮಿಕ್ಸ್ ಲೋಕದ ದೊಡ್ಡ ಹೆಸರಾದ ತೆಜುಕಾ ಒಸಾಮು ಹುಡುಗನಾಗಿದ್ದಾಗ ಇದನ್ನು ನೋಡಿ ಮನಸೋತಿದ್ದರು.

ಅನಿಮಲ್ ಫಾರ್ಮ್‌ಗೆ ಸಿಐಎ ದುಡ್ಡು ಕೊಟ್ಟಿತ್ತಂತೆ. ಇದೂ ಅಂತೆ ಕಂತೆನಾ?

ಇದು ನಿಜ. ಪ್ರಾಣಿಗಳು ಯಜಮಾನನನ್ನು ಓಡಿಸಿ, ಆಮೇಲೆ ಹಂದಿಗಳ ಆಳ್ವಿಕೆಗೆ ಸಿಕ್ಕಿಬೀಳುವ ಜಾರ್ಜ್ ಆರ್ವೆಲ್ ಕಾದಂಬರಿ ಆಧರಿಸಿ ಬ್ರಿಟನ್ನಿನ ಹಲಾಸ್ ಮತ್ತು ಬ್ಯಾಚಲರ್ ದಂಪತಿ ಮಾಡಿದ ಚಿತ್ರ, 1954ರದ್ದು. ನಿರ್ಮಾಪಕ ಲೂಯಿ ಡಿ ರೋಶ್‌ಮಾಂಟ್ ಮೂಲಕ ಅಮೆರಿಕದ ಗುಪ್ತಚರ ಸಂಸ್ಥೆ ಸಿಐಎ ಹಣ ಹರಿದಿತ್ತು. ಹೊರಬಿದ್ದದ್ದು ಎಷ್ಟೋ ವರ್ಷದ ಮೇಲೆ.

ಸುಳ್ಳು ಹೇಗೆ ಕೆಲಸ ಮಾಡುತ್ತದೆ ಅನ್ನುವುದಕ್ಕೆ ಅದರಷ್ಟು ಚೆಂದದ ಚಿತ್ರ ಇನ್ನೊಂದಿಲ್ಲ. ಗೋಡೆಯ ಮೇಲಿನ ನಿಯಮ ರಾತ್ರೋರಾತ್ರಿ ಎರಡೇ ಪದ ಬೆಳೆದಿರುತ್ತದೆ. ಯಾವ ಪ್ರಾಣಿಯೂ ಇನ್ನೊಂದನ್ನು ಕೊಲ್ಲಬಾರದು ಅಂತಿದ್ದದ್ದು, ಕಾರಣವಿಲ್ಲದೆ ಕೊಲ್ಲಬಾರದು ಅಂತಾಗಿರುತ್ತದೆ. ಬೆಳಿಗ್ಗೆ ಎದ್ದು ನೋಡಿದ ಪ್ರಾಣಿಗಳಿಗೆ, ಮೊದಲೂ ಹೀಗೇ ಇತ್ತೇನೋ ಅನ್ನುವ ಅನುಮಾನ.

ತಮಾಷೆ ಏನಪ್ಪಾ ಅಂದರೆ, ಆ ಚಿತ್ರದ ಕೊನೆಯೂ ಹಾಗೇ ಬದಲಾಗಿದೆ. ಕಾದಂಬರಿಯಲ್ಲಿ ಕೊನೆಗೆ ಹಂದಿ ಯಾವುದು ಮನುಷ್ಯ ಯಾವುದು ಅಂತ ತಿಳಿಯದ ಹಾಗೆ ಎರಡೂ ಒಂದೇ ಮೇಜಿಗೆ ಕೂರುತ್ತವೆ. ಚಿತ್ರದಲ್ಲಿ ಪ್ರಾಣಿಗಳು ಎದ್ದು ಹಂದಿಗಳ ಮೇಲೆ ನುಗ್ಗುತ್ತವೆ. ಆರ್ವೆಲ್ ತೀರಿಕೊಂಡು ನಾಲ್ಕು ವರ್ಷ ಕಳೆದಿತ್ತು. ಕೇಳುವವರಿರಲಿಲ್ಲ.

ಹಾಗಾದ್ರೆ ಇವೂ ಪ್ರಚಾರವೇ ತಾನೆ? ಯಾಕೆ ನೋಡ್ಬೇಕು?

ಹೌದು, ಬಹಳಷ್ಟು ಪ್ರಚಾರವೇ. ನೋಡಬೇಕು ಅನ್ನುವುದೂ ಅದಕ್ಕೇ. ದುಡ್ಡು ಯಾರದ್ದು ಅಂತ ಮೊದಲೇ ಹೇಳಿ ತೋರಿಸಿ, ಅಷ್ಟೆ.

ನಮ್ಮ ಕಡೆ ಇಂಥ ಸಂಗತಿ ನಡೆದಿದೆಯಾ?

ಹಣ್ಣು ಬಿದ್ದ ಸದ್ದಿಗೆ ಊರಿಗೆ ಊರೇ ಓಡಿದ್ದು ಬೇಕಾದಷ್ಟಿದೆ. 90ರ ದಶಕದಲ್ಲಿ ಬೆಂಗಳೂರಿನ ಬಾಗಿಲುಗಳ ಮೇಲೆ 'ನಾಳೆ ಬಾ' ಅಂತ ಬರೆದದ್ದು ನೆನಪಿದೆಯಾ? ರಾತ್ರಿ ಬಂದು ಬಾಗಿಲು ತಟ್ಟುವ ದೆವ್ವ ಅದನ್ನು ಓದಿ ವಾಪಸ್ ಹೋಗುತ್ತದೆ ಅಂತ. ಅಕ್ಷರ ಬಲ್ಲ, ಮಾತು ಕೇಳುವ ದೆವ್ವ. ಅದರಿಂದ ಯಾರಿಗೂ ತೊಂದರೆ ಆಗಲಿಲ್ಲ ಅನ್ನಿ.

2012ರ ಆಗಸ್ಟ್ ಹಾಗಲ್ಲ. ಈಶಾನ್ಯ ರಾಜ್ಯದವರ ಮೇಲೆ ದಾಳಿ ಆಗುತ್ತದೆ ಅನ್ನುವ ಎಸ್‌ಎಂಎಸ್ ಹರಡಿ, ಬೆಂಗಳೂರು ರೈಲು ನಿಲ್ದಾಣದಲ್ಲಿ ಸಾವಿರಾರು ಜನ ಚೀಲ ಹಿಡಿದು ಕೂತರು. ಗುವಾಹಟಿಗೆ ವಿಶೇಷ ರೈಲು ಬಿಟ್ಟರು. ಕೇಂದ್ರ ಸರ್ಕಾರ 15 ದಿನ ಒಟ್ಟಿಗೆ ಐದಕ್ಕಿಂತ ಜಾಸ್ತಿ ಮೆಸೇಜ್ ಕಳಿಸುವ ಹಾಗಿಲ್ಲ ಅಂತ ಕಟ್ಟುಪಾಡು ಹಾಕಿತು.

2018ರಲ್ಲಿ ಮಕ್ಕಳ ಕಳ್ಳರು ಬಂದಿದ್ದಾರೆ ಅನ್ನುವ ಪುಕಾರು. ಮೇ ತಿಂಗಳಲ್ಲಿ ಬೆಂಗಳೂರಿನ ಚಾಮರಾಜಪೇಟೆಯಲ್ಲಿ ಕೂಲಿಗೆ ಬಂದಿದ್ದವನೊಬ್ಬನನ್ನು ಹೊಡೆದು ಕೊಂದರು. ಜುಲೈನಲ್ಲಿ ಬೀದರ್ ಜಿಲ್ಲೆಯ ಮುರ್ಕಿಯಲ್ಲಿ ಹೈದರಾಬಾದಿನ ಯುವ ಇಂಜಿನಿಯರ್ ಒಬ್ಬರನ್ನು. ಜೊತೆಯಲ್ಲಿದ್ದವರು ದಾರಿಯಲ್ಲಿ ಶಾಲೆ ಮಕ್ಕಳಿಗೆ ಚಾಕೊಲೇಟ್ ಕೊಟ್ಟಿದ್ದರು, ಅದೇ ಅಪರಾಧ. ಆ ವರ್ಷ ದೇಶದ ತುಂಬ ಓಡಾಡಿದ ವಿಡಿಯೋ ಒಂದಿತ್ತು, ಬೈಕಿನಲ್ಲಿ ಬಂದವರು ಮಗುವನ್ನು ಎತ್ತಿಕೊಂಡು ಹೋಗುವುದು. ಅದು ಕರಾಚಿಯಲ್ಲಿ ಮಕ್ಕಳ ಸುರಕ್ಷತೆಗೆ ಮಾಡಿದ ಜಾಗೃತಿ ಚಿತ್ರ. ಮೂಲದಲ್ಲಿ ಬೈಕಿನವರು ವಾಪಸ್ ಬಂದು ಮಗುವನ್ನು ಇಳಿಸಿ, ಫಲಕ ಹಿಡಿದು ಎಚ್ಚರಿಸುತ್ತಾರೆ. ಯಾರೋ ಆ ಕೊನೆಯನ್ನು ಕತ್ತರಿಸಿದ್ದರು. ಡೊನಾಲ್ಡ್ ಫೋಟೋಗೆ ಮಾಡಿದ್ದೇ ಇದಕ್ಕೂ ಮಾಡಿದ್ದು. ಆ ಜುಲೈನಲ್ಲೇ ವಾಟ್ಸಾಪ್ ಭಾರತದಲ್ಲಿ ಒಂದು ಸಲಕ್ಕೆ ಐದು ಕಡೆಗೆ ಮಾತ್ರ ಫಾರ್ವರ್ಡ್ ಅಂತ ಮಿತಿ ಹಾಕಿತು. ಮತ್ತೆ ಅದೇ ಐದು.

ಕನ್ನಡದಲ್ಲಿ ಇದಕ್ಕೆ ಏನಾದ್ರೂ ಮದ್ದು ಇದೆಯಾ?

ಇದನ್ನು ಕೇಳಿದ್ದು ಕಾಲೇಜು ಹುಡುಗಿ, ತಮಾಷೆಗೆ. ಇದೆ: 'ಅಂತೆ'. ಮಳೆ ಬಂತು ಅಂದರೆ ನಾನು ನೋಡಿದೆ. ಮಳೆ ಬಂತಂತೆ ಅಂದರೆ ಯಾರೋ ಹೇಳಿದ್ದು, ಜವಾಬ್ದಾರಿ ನನ್ನದಲ್ಲ. ಎಷ್ಟೋ ಭಾಷೆಯವರು ಇದಕ್ಕೆ ಒಂದು ವಾಕ್ಯ ಖರ್ಚು ಮಾಡಬೇಕು. ನಮಗೆ ಬಾಲದಲ್ಲಿ ಎರಡಕ್ಷರ ಸಾಕು. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅಂದರಂತೆ ಅನ್ನುವ ಗಾದೆಯಲ್ಲೂ ಅದೇ ಬಾಲ. ನಮ್ಮ ಅಜ್ಜಿ ಹರಟೆ ಮಲ್ಲಿ, ಆದರೆ ಅಂತೆ ಬಿಟ್ಟು ಒಂದು ಸುದ್ದಿಯನ್ನೂ ದಾಟಿಸಿದವರಲ್ಲ. ಫಾರ್ವರ್ಡ್‌ಗಳನ್ನು ಓದಿ ನೋಡಿ, ಒಂದರಲ್ಲೂ ಅಂತೆ ಇರುವುದಿಲ್ಲ.

ಮಕ್ಕಳಿಗೆ ತೋರಿಸಬಹುದಾ? ಎಲ್ಲಿ ಸಿಗುತ್ತವೆ?

'ಚಿಕನ್ ಲಿಟಲ್' ಎಂಟು ವರ್ಷದ ಮೇಲಿನವರಿಗೆ ಪರವಾಗಿಲ್ಲ, ಕೊನೆಯಲ್ಲಿ ಪಕ್ಕದಲ್ಲಿ ಕೂತಿರಿ. 'ಎಜುಕೇಷನ್ ಫಾರ್ ಡೆತ್' ಹೈಸ್ಕೂಲಿನವರಿಗೆ. ಸ್ನಾಫು ದೊಡ್ಡವರಿಗೇ ಸರಿ. ಆ ಕಾಲದ ಚಿತ್ರಗಳಲ್ಲಿ ಜಪಾನಿಗಳನ್ನು ಹಲ್ಲುಬ್ಬಿದ ಸೋಡಾಬುಡ್ಡಿ ಕನ್ನಡಕದವರ ಹಾಗೆ ಬರೆದಿರುವುದನ್ನು ಸುಮ್ಮನೆ ದಾಟಿಸಬೇಡಿ, ನಿಲ್ಲಿಸಿ ಮಾತಾಡಿ. ಸ್ನಾಫು ಚಿತ್ರಗಳಿಗೆ ಹಕ್ಕಿನ ತಕರಾರಿಲ್ಲ, ಇಂಟರ್ನೆಟ್ ಆರ್ಕೈವ್‌ನಲ್ಲಿವೆ. ಡಿಸ್ನಿಯವನ್ನು 2004ರಲ್ಲಿ ಒಂದು ಡಿವಿಡಿ ಕಂತೆಯಾಗಿ ತಂದಿದ್ದರು.

ಇದನ್ನೆಲ್ಲ ನೋಡಿದವರು ಫಾರ್ವರ್ಡ್ ಮಾಡೋದು ಬಿಡ್ತಾರಾ?

ನಮ್ಮ ಮನೆಯಲ್ಲೇ ಆದದ್ದು ಹೇಳುತ್ತೇನೆ. 'ಚಿಕನ್ ಲಿಟಲ್' ಹಾಕಿದ ಶನಿವಾರವೇ, ಪಂಚೆ ಮಡಿಸಿ ಕೆಳಗಿಳಿದು ಊಟಕ್ಕೆ ಕೂತಿದ್ದೆ. ರಾತ್ರಿ ಹತ್ತೂವರೆ. ನನ್ನ ಹೆಂಡತಿ ಫೋನ್ ನೋಡುತ್ತಾ, ರೀ, ದೊಡ್ಡ ಪೈಪ್ ಒಡೆದಿದೆಯಂತೆ, ಮೂರು ದಿನ ನೀರು ಬರಲ್ವಂತೆ ಅಂದಳು. ನಾನು ಕೈ ತೊಳೆದು ನಮ್ಮ ರಸ್ತೆಯ ಗುಂಪಿಗೆ ಹಾಕಿದೆ: 'ಮೂರು ದಿನ ನೀರು ಬರುವುದಿಲ್ಲ, ಈಗಲೇ ತುಂಬಿಸಿಕೊಳ್ಳಿ.'

ಹತ್ತು ನಿಮಿಷದಲ್ಲಿ ರಸ್ತೆಯ ಎಲ್ಲ ಮೋಟರ್ ಶುರುವಾದವು. ಡ್ರಮ್ಮು, ಬಿಂದಿಗೆ, ಸ್ನಾನದ ಬಕೆಟ್, ಒಬ್ಬರ ಮನೆಯಲ್ಲಿ ಪ್ರೆಶರ್ ಕುಕ್ಕರ್ ಕೂಡ ತುಂಬಿತು. ಮೇಷ್ಟ್ರ ಮನೆಯ ಟ್ಯಾಂಕ್ ತುಂಬಿ ಮೆಟ್ಟಿಲ ಮೇಲೆ ಹರಿಯಿತು. ಬೆಳಿಗ್ಗೆ ಆರಕ್ಕೆ ನಲ್ಲಿಯಲ್ಲಿ ಎಂದಿನ ಹಾಗೆ ನೀರು ಬಂತು. ಆ ಮೆಸೇಜು ಯಾವುದೋ ಬೇರೆ ಊರಿನದು, ಯಾವುದೋ ಬೇರೆ ವರ್ಷದ್ದು, ದಿನಾಂಕದ ಸಾಲನ್ನು ಯಾರೋ ತೆಗೆದಿದ್ದರು. 'ಅಂತೆ' ತೆಗೆದದ್ದು ನಾನು.

ಹಾಲು ತರಲು ಹೊರಟಾಗ ಎದುರು ಮನೆಯ ಎರಡನೇ ಕ್ಲಾಸಿನ ಪುಟ್ಟಿ ಗೇಟಿನ ಮೇಲೆ ನೇತಾಡುತ್ತಿದ್ದಳು. ಒದ್ದೆಯಾದ ರಸ್ತೆಯನ್ನೂ ನನ್ನನ್ನೂ ನೋಡಿ ಕೇಳಿದಳು, "ಮಾಮ, ಆಕಾಶ ಬಿತ್ತಾ?"